ತಂಗಿಗಾಗಿ ರಚಿತವಾದ ನಿಘಂಟು

ಕ್ರಿ.ಶ. 972ರ ಸುಮಾರಿಗೆ ಮಾಳವದ ಪರಮಾರ ಅರಸ ಸೀಯಕನ ಸೈನ್ಯವು ರಾಷ್ಟ್ರಕೂಟರ ರಾಜಧಾನಿಯಾಗಿದ್ದ ಮಾನ್ಯಖೇಟವನ್ನು, ಎಂದರೆ ಇಂದಿನ ಕಲಬುರಗಿ ಜಿಲ್ಲೆಯ ಮಳಖೇಡವನ್ನು, ಸೂರೆಗೊಂಡಿತು. ಕನ್ನಡ ನಾಡಿನ ಆ ದುರ್ದಿನವನ್ನು ತನ್ನ ರಚನಾಕಾಲದ ಗುರುತಾಗಿ ಹೇಳುವ ಗ್ರಂಥವೊಂದು ಧಾರಾನಗರದಲ್ಲಿ ಹುಟ್ಟಿತು. ಅದು ವಿಜಯಕಾವ್ಯವಲ್ಲ, ನಿಘಂಟು! ‘ತಿಲಕಮಂಜರಿ’ಯ ಕರ್ತೃ ಧನಪಾಲನು ವಿಕ್ರಮ ಸಂವತ್ 1029ರಲ್ಲಿ ರಚಿಸಿದ ಪ್ರಾಕೃತ ಕೋಶ ‘ಪಾಇಯಲಚ್ಛೀ ನಾಮಮಾಲಾ’.

ಈ ಕೋಶವನ್ನು ಆತನು ರಚಿಸಿದ್ದು ರಾಜನಿಗಾಗಿ ಅಲ್ಲ, ಪಂಡಿತ ಪರಿಷತ್ತಿಗಾಗಿಯೂ ಅಲ್ಲ. ತನ್ನ ಕಿರಿಯ ಸಹೋದರಿ ಸುಂದರಿಗಾಗಿ. ಗ್ರಂಥಾಂತ್ಯದಲ್ಲಿ ತನ್ನ ಹೆಸರನ್ನು ಕೆಲವು ಪದಗಳ ಕೊನೆಯ ಅಕ್ಷರಗಳಲ್ಲಿ ಒಗಟಿನಂತೆ ಅಡಗಿಸಿಟ್ಟ ಕವಿಯು ತಂಗಿಯ ಹೆಸರನ್ನು ಮಾತ್ರ ಸ್ಪಷ್ಟವಾಗಿಯೇ ಹೇಳಿದ್ದಾನೆ. 279 ಗಾಹೆಗಳ ಈ ಚಿಕ್ಕ ಕೋಶದ ಜೋಡಣೆಯೂ ಗಮನಾರ್ಹ. ಮೊದಲು ಒಂದು ಪದ್ಯವನ್ನೇ ತುಂಬುವ ಪರ್ಯಾಯಪದಗಳು, ಆಮೇಲೆ ಅರ್ಧ ಪದ್ಯದವು, ಅನಂತರ ಒಂದು ಪಾದದವು, ಕಡೆಗೆ ಒಂದು ಶಬ್ದಕ್ಕೆ ಒಂದೇ ಶಬ್ದ. ಕಂಠಪಾಠ ಮಾಡುವವರಿಗೆ ಇದು ಒದಗಿಬರುವ ಕ್ರಮ. 1879ರಲ್ಲಿ ಜರ್ಮನ್ ವಿದ್ವಾಂಸ ಬ್ಯೂಲರ್ ಇದನ್ನು ಸಂಪಾದಿಸಿ ಪ್ರಕಟಿಸಿದನು.

ಓದುಗನನ್ನು ಅರಿತು ಅರ್ಥ ಹೇಳುವುದು, ಆದುದರಿಂದ, ಗಣಕಯಂತ್ರದ ಯುಗದ ಹೊಸ ಕಲ್ಪನೆಯೇನಲ್ಲ. ಆದರೆ ಧನಪಾಲನು ಸುಂದರಿಗಾಗಿ ಪದಗಳನ್ನು ಆಯ್ದನು, ಅಡಕಗೊಳಿಸಿದನು. ಅರ್ಥವನ್ನು ಅವಳಿಗೊಂದು, ಲೋಕಕ್ಕೊಂದು ಎಂದು ಮಾಡಲಿಲ್ಲ. ಅದರಿಂದಲೇ ಒಬ್ಬಳಿಗಾಗಿ ಬರೆದ ಕೋಶವು ಸಾವಿರ ವರ್ಷ ಎಲ್ಲರಿಗೂ ಉಪಯೋಗವಾಯಿತು.

ಈಗಿನ ಯಂತ್ರಗಳು ಕೇಳುವವನ ವಯಸ್ಸು, ತಿಳಿವಳಿಕೆಗಳಿಗೆ ತಕ್ಕಂತೆ ವಿವರಣೆಯನ್ನೇ ಬದಲಿಸಬಲ್ಲವು. ಮೊನ್ನೆ ನಮ್ಮ ಅಂಗಡಿಯಲ್ಲಿ ಕುಳಿತಿದ್ದ ಮೊಮ್ಮಗಳು ‘ಜಾಮೀನು’ ಎಂದರೇನೆಂದು ತನ್ನ ಮೊಬೈಲಿನಲ್ಲಿ ಕೇಳಿದಳು. ಇನ್ನೊಬ್ಬರ ಪರವಾಗಿ ಕೊಡುವ ಮಾತು ಎಂಬ ಉತ್ತರ ಬಂದಿತು. ಮಗುವಿಗೆ ಸಾಕೆನ್ನಿ. ಆದರೆ ಸಾಲಗಾರನು ತೀರಿಸದಿದ್ದರೆ ಜಾಮೀನುದಾರನೇ ತೀರಿಸಬೇಕೆಂಬ ಮುಖ್ಯಾಂಶವೇ ಅಲ್ಲಿರಲಿಲ್ಲ. ನಲವತ್ತು ವರ್ಷ ಲೇವಾದೇವಿಯ ಕಾಗದಪತ್ರ ನೋಡಿದ ನನಗೆ ಅದು ಚಿಕ್ಕ ಲೋಪವಾಗಿ ಕಾಣಲಿಲ್ಲ.

ಇದನ್ನು ಅನೇಕಾಂತವೆಂದು ಸಮರ್ಥಿಸುವ ಮಿತ್ರರಿದ್ದಾರೆ. ನಾನು ಒಪ್ಪಲಾರೆ. ಒಂದು ವಸ್ತುವಿನ ಹಲವು ಮುಖಗಳನ್ನು ಒಬ್ಬನೇ ಕಾಣಲು ಯತ್ನಿಸುವುದು ಅನೇಕಾಂತ. ಒಬ್ಬೊಬ್ಬನಿಗೆ ಒಂದೊಂದೇ ಮುಖವನ್ನು ತೋರಿಸಿ ಉಳಿದವನ್ನು ಮರೆಮಾಡುವುದು ಏಕಾಂತವೇ. ಸಾಲ ಕೊಡುವವನಿಗೆ ಪೂರ್ಣಾರ್ಥವೂ, ಜಾಮೀನು ನಿಲ್ಲುವ ಬಡವನಿಗೆ ಸರಳಾರ್ಥವೂ ದೊರೆತರೆ, ಕಾಗದದ ಮೇಲಿನ ಸಹಿಯು ಯಾವ ಅರ್ಥಕ್ಕೆ ಬಿದ್ದಂತಾಯಿತು?