ಡಿ ಡ್ರೈವ್‌ಗೆ ಕಾಪಿ ಮಾಡಿಟ್ಟರೆ ಬ್ಯಾಕಪ್ ಆದಂತೆಯೇ?

‘ಫೈಲ್‌ಗಳನ್ನು ಡೆಸ್ಕ್‌ಟಾಪ್‌ನಲ್ಲಿ ಇಡಬೇಡಿ, ಡಿ ಡ್ರೈವ್‌ಗೆ ಹಾಕಿ, ಕಂಪ್ಯೂಟರ್ ಕೆಟ್ಟರೂ ಏನೂ ಆಗಲ್ಲ’ ಎಂಬ ಸಲಹೆಯನ್ನು ನೀವೂ ಕೇಳಿರುತ್ತೀರಿ. ಇದು ಅರ್ಧ ಸತ್ಯ.

ವಿಂಡೋಸ್ ಕೆಟ್ಟು ಸಿ ಡ್ರೈವ್ ಫಾರ್ಮ್ಯಾಟ್ ಮಾಡಿದಾಗ ಡಿ ಡ್ರೈವ್‌ನಲ್ಲಿದ್ದದ್ದು ಉಳಿಯುತ್ತದೆ. ಆದರೆ ಬಹಳಷ್ಟು ಕಂಪ್ಯೂಟರ್‌ಗಳಲ್ಲಿ ಸಿ, ಡಿ ಎರಡೂ ಒಂದೇ ಹಾರ್ಡ್ ಡಿಸ್ಕ್‌ನ ಭಾಗಗಳು. ಒಂದೇ ಮನೆಗೆ ನಡುಗೋಡೆ ಹಾಕಿದ ಹಾಗೆ. ಡಿಸ್ಕ್ ಸತ್ತರೆ ಎರಡೂ ಹೋಗುತ್ತವೆ.

ಕೂಡ್ಲಿಗಿ, ಕೊಟ್ಟೂರು, ಹಗರಿಬೊಮ್ಮನಹಳ್ಳಿ, ಹಡಗಲಿ, ಹರಪನಹಳ್ಳಿಯಂಥ ಊರುಗಳ ಡಿಟಿಪಿ ಅಂಗಡಿಗಳಿಗೆ ಇನ್ನೊಂದು ತೊಡಕಿದೆ. ಮದುವೆ ಕಾರ್ಡು, ಕೊಟ್ಟೂರೇಶ್ವರ ತೇರಿನ ಕರಪತ್ರಗಳನ್ನು ಹಳೆಯ ನುಡಿ, ಬರಹ ಫಾಂಟ್‌ಗಳಲ್ಲಿ ಯುನಿಕೋಡ್ ಅಲ್ಲದೆ ಟೈಪ್ ಮಾಡಿದ್ದರೆ, ಫೈಲಿನೊಳಗೆ ಇರುವುದು ಇಂಗ್ಲಿಷ್ ಅಕ್ಷರ, ಚಿಹ್ನೆಗಳ ಸಂಕೇತ. ಅದನ್ನು ಕನ್ನಡವಾಗಿ ತೋರಿಸುವುದು ಫಾಂಟ್. ಆ ಫಾಂಟ್ ಕುಳಿತಿರುವುದು ಸಿ ಡ್ರೈವ್‌ನ ವಿಂಡೋಸ್ ಫೋಲ್ಡರಿನಲ್ಲಿ. ಫೈಲ್ ಮಾತ್ರ ಉಳಿಸಿಕೊಂಡವರಿಗೆ ಹೊಸ ಕಂಪ್ಯೂಟರಿನಲ್ಲಿ ಕಾಣುವುದು ಅರ್ಥವಿಲ್ಲದ ಅಕ್ಷರಗಳು. ಅದೇ ಫಾಂಟ್ ಹುಡುಕಿ ಹಾಕಿದರಷ್ಟೇ ಮತ್ತೆ ಕನ್ನಡ.

ಇದಕ್ಕೇ ಇಡೀ ಡಿಸ್ಕ್‌ನ ಪಡಿಯಚ್ಚು, ಅಂದರೆ ‘ಡಿಸ್ಕ್ ಇಮೇಜ್’ ತೆಗೆಯಬೇಕು ಎನ್ನುವುದು. ಅದರಲ್ಲಿ ವಿಂಡೋಸ್, ಸಾಫ್ಟ್‌ವೇರ್, ಫಾಂಟ್, ಸೆಟ್ಟಿಂಗ್, ಫೈಲ್ ಎಲ್ಲವೂ ಸೇರುತ್ತವೆ. ಸಿ ಡ್ರೈವನ್ನು ಹಾಗೇ ಕಾಪಿ, ಪೇಸ್ಟ್ ಮಾಡಿದರೆ ಇದು ಆಗುವುದಿಲ್ಲ. ಆ ಕಾಪಿಯಿಂದ ಕಂಪ್ಯೂಟರ್ ಆನ್ ಆಗದು. ಕ್ಲೋನ್‌ಜಿಲ್ಲಾ ಎಂಬ ಉಚಿತ ಸಾಫ್ಟ್‌ವೇರ್ ಇದೆ. ಅದನ್ನು ಪೆನ್‌ಡ್ರೈವ್‌ಗೆ ಹಾಕಿ, ಅದರಿಂದಲೇ ಕಂಪ್ಯೂಟರ್ ಆನ್ ಮಾಡಿ, ಇಮೇಜನ್ನು ಎಕ್ಸ್‌ಟರ್ನಲ್ ಹಾರ್ಡ್ ಡಿಸ್ಕ್‌ಗೆ ಉಳಿಸಬಹುದು. ಪರದೆ ನೋಡಲು ಒರಟು, ಕೆಲಸ ಮಾತ್ರ ಅಚ್ಚುಕಟ್ಟು. ಒಂದು ಎಚ್ಚರಿಕೆ: ಯಾವ ಡಿಸ್ಕ್‌ನಿಂದ ಯಾವುದಕ್ಕೆ ಎನ್ನುವುದನ್ನು ಎರಡು ಸಲ ಓದಿ. ತಿರುವುಮುರುವಾದರೆ ಇದ್ದದ್ದೂ ಅಳಿಸಿಹೋಗುತ್ತದೆ. 500 ಜಿಬಿಯಷ್ಟು ಡೇಟಾ ಇದ್ದರೆ ಹಳೆಯ ಯುಎಸ್‌ಬಿ 2.0 ಪೋರ್ಟಿನಲ್ಲಿ ನಾಲ್ಕು ತಾಸು ದಾಟಬಹುದು. ಕರೆಂಟು ಕೈಕೊಡುವ ಊರಾದರೆ ಯುಪಿಎಸ್ ಇಲ್ಲದೆ ಶುರು ಮಾಡಬೇಡಿ.

ಮುಗಿದ ಮೇಲೆ ಆ ಡಿಸ್ಕನ್ನು ಕಿತ್ತು ಬೇರೆ ಕಡೆ ಇಡಿ. 2017ರ ಮೇ ತಿಂಗಳಲ್ಲಿ ಜಗತ್ತಿನಾದ್ಯಂತ ಹರಡಿದ ವನ್ನಾಕ್ರೈನಂಥ ಮಾಲ್‌ವೇರ್ ಕಂಪ್ಯೂಟರಿಗೆ ಸಿಕ್ಕಿಸಿಟ್ಟ ಡಿಸ್ಕ್‌ಗಳನ್ನೂ ಬಿಡುವುದಿಲ್ಲ, ಅವುಗಳ ಫೈಲ್‌ಗಳಿಗೂ ಬೀಗ ಹಾಕುತ್ತದೆ.

ವಾಟ್ಸ್‌ಆ್ಯಪ್‌ನಲ್ಲಿ ನಿಮಗೆ ನೀವೇ ಕಳಿಸಿಕೊಂಡ ಫೋಟೊಗಳನ್ನೂ ಬ್ಯಾಕಪ್ ಎಂದು ನಂಬಬೇಡಿ. ಸಾಮಾನ್ಯವಾಗಿ ಕಳಿಸಿದಾಗ ಅವು ಕುಗ್ಗಿರುತ್ತವೆ. ಸ್ಟುಡಿಯೋದವರು ಅದರಿಂದ ಆಲ್ಬಮ್ ಪ್ರಿಂಟ್ ಹಾಕಲು ಹೋದರೆ ವ್ಯತ್ಯಾಸ ಕಣ್ಣಿಗೇ ಕಾಣುತ್ತದೆ.