ಹೊಟಗಿ–ಗದಗ ಮೀಟರ್ ಗೇಜ್ ಕಣ್ಮರೆಯಾಗಿದ್ದು ಯಾಕೆ? ಹಳಿ ಕಿರಿದು ಎಂಬುದೊಂದೇ ಕಾರಣವೇ?

ಹುನಗುಂದ, ಇಳಕಲ್ ಕಡೆಯವರು ಬಾಗಲಕೋಟೆಗೆ ಬಸ್ಸು ಹಿಡಿದು, ಅಲ್ಲಿಂದ ‘ಸಣ್ಣ ಗಾಡಿ’ ಹತ್ತಿದ ಕಥೆಯನ್ನು ಮನೆಯ ಹಿರಿಯರು ಹೇಳುತ್ತಾರೆ. ಆ ಮೀಟರ್ ಗೇಜ್ ರೈಲು ಈಗಿಲ್ಲ. ‘ಹಳಿ ಕಿರಿದಾಗಿದ್ದರೆ ರೈಲು ವೇಗವಾಗಿ ಓಡುವುದಿಲ್ಲ, ಅದಕ್ಕೇ ತೆಗೆದರು’ ಎಂದು ಹಲವರು ನಂಬಿದ್ದಾರೆ. ಇದು ಎಷ್ಟು ನಿಜ?

ಹುಟ್ಟಿದ್ದು ಬರಗಾಲದ ನಂತರ

1876–78ರ ಭೀಕರ ಬರಗಾಲ ಈ ಭಾಗವನ್ನು ತತ್ತರಿಸುವಂತೆ ಮಾಡಿತು. ಹುನಗುಂದ ಆಗ ಕಲಾದಗಿ ಜಿಲ್ಲೆಯಲ್ಲಿತ್ತು. ದೂರದ ಊರುಗಳಿಂದ ಧಾನ್ಯ ತರಬೇಕೆಂದರೆ ಇದ್ದದ್ದು ಎತ್ತಿನ ಗಾಡಿ. ಆದರೆ ಮೇವು, ನೀರು ಇಲ್ಲದೆ ಎತ್ತುಗಳೇ ಸಾಯುತ್ತಿದ್ದವು. ಬರ ತಡೆಯಲು ರೈಲು ಮಾರ್ಗಗಳು ಬೇಕು ಎಂದು 1880ರಲ್ಲಿ ಕ್ಷಾಮ ಆಯೋಗ ಹೇಳಿತು. ಸದರ್ನ್ ಮರಾಠಾ ರೈಲ್ವೆ ಕಂಪನಿ 1884ರಲ್ಲಿ ಹೊಟಗಿ–ಗದಗ ಮಾರ್ಗವನ್ನು ತೆರೆಯಿತು. ವಿಜಯಪುರ, ಬಾಗಲಕೋಟೆ, ಬಾದಾಮಿ ಇದರ ಮೇಲಿನ ಊರುಗಳು.

ಮೀಟರ್ ಗೇಜ್ ಯಾಕೆ?

ಎರಡು ಹಳಿಗಳ ಒಳ ಅಂಚುಗಳ ನಡುವಿನ ಅಂತರವೇ ಗೇಜ್. ಬ್ರಾಡ್ ಗೇಜ್‌ನಲ್ಲಿ ಅದು 1,676 ಮಿಲಿಮೀಟರ್, ಮೀಟರ್ ಗೇಜ್‌ನಲ್ಲಿ 1,000. ಹಳಿ ಕಿರಿದಾದರೆ ಸೇತುವೆ, ದಂಡೆ, ಎಂಜಿನ್ ಎಲ್ಲವೂ ಹಗುರ. ಖರ್ಚೂ ಕಡಿಮೆ. ಕಡಿಮೆ ಹಣದಲ್ಲಿ ಹೆಚ್ಚು ದೂರ ಹಳಿ ಹಾಸುವುದು ಉದ್ದೇಶವಾಗಿತ್ತು.

ಹಾಗಾದರೆ ವೇಗದ ಮಾತು?

ಅರ್ಧ ಸತ್ಯ. ಅಗಲ ಹಳಿಯ ಮೇಲೆ ರೈಲು ಹೆಚ್ಚು ಸ್ಥಿರವಾಗಿರುತ್ತದೆ, ಹೆಚ್ಚು ಭಾರ ಹೊರುತ್ತದೆ. ಆದರೆ ವೇಗವನ್ನು ಗೇಜ್ ಒಂದೇ ನಿರ್ಧರಿಸುವುದಿಲ್ಲ. ಹಳಿಯ ತೂಕ, ಜಲ್ಲಿ, ತಿರುವು, ಸಿಗ್ನಲ್, ಎಂಜಿನ್ ಎಲ್ಲವೂ ಸೇರುತ್ತವೆ. ಜಪಾನಿನಲ್ಲಿ 1,067 ಮಿಲಿಮೀಟರ್ ಹಳಿಯ ಮೇಲೆ ಗಂಟೆಗೆ 130 ಕಿಲೋಮೀಟರ್ ವೇಗದ ರೈಲುಗಳು ಓಡುತ್ತವೆ.

ನಿಜವಾದ ಪೆಟ್ಟು ಎಲ್ಲಿ ಬಿತ್ತು?

ಗೇಜ್ ಬದಲಾಗುವ ನಿಲ್ದಾಣದಲ್ಲಿ. ಹೊಟಗಿ ಇದ್ದದ್ದು ಮುಂಬೈ–ಮದ್ರಾಸ್ ಬ್ರಾಡ್ ಗೇಜ್ ಮಾರ್ಗದ ಮೇಲೆ. ಒಂದು ಗೇಜಿನ ಡಬ್ಬಿ ಇನ್ನೊಂದರ ಮೇಲೆ ಓಡದು. ಹಾಗಾಗಿ ಪ್ರತಿ ಚೀಲವನ್ನೂ ಇಳಿಸಿ ಮತ್ತೆ ಏರಿಸಬೇಕು. ಪ್ರಯಾಣಿಕರು ಗಂಟುಮೂಟೆ ಹೊತ್ತು ಗಾಡಿ ಬದಲಿಸಬೇಕು. ಸಮಯ, ಕೂಲಿ, ಸೋರಿಕೆ ಎಲ್ಲವೂ ನಷ್ಟವೇ.

1992ರಲ್ಲಿ ಭಾರತೀಯ ರೈಲ್ವೆ ‘ಯೂನಿಗೇಜ್’ ಯೋಜನೆ ಆರಂಭಿಸಿತು. 1990ರ ದಶಕದಲ್ಲಿ ಗದಗ ಕಡೆಯ ಹಳಿಯೂ ಬ್ರಾಡ್ ಗೇಜ್ ಆಯಿತು. ಎರಡೂ ತುದಿ ಅಗಲವಾದ ಮೇಲೆ ನಡುವಿನ ಮೀಟರ್ ಗೇಜ್ ನಡುಗಡ್ಡೆಯಂತಾಯಿತು. 2000ರ ದಶಕದಲ್ಲಿ ಅದೂ ಹಂತಹಂತವಾಗಿ ಬದಲಾಯಿತು.

ಫಾರ್ವರ್ಡ್ ಮಾಡುವ ಮುನ್ನ

‘ಗೇಜ್ ಪರಿವರ್ತನೆ’ಗಾಗಿ ರೈಲು ನಿಲ್ಲಿಸುವುದು ಬೇರೆ, ಮಾರ್ಗವನ್ನೇ ಕೈಬಿಡುವುದು ಬೇರೆ. ಹಳೆಯ ಹಳಿ ಕೀಳುವ ಫೋಟೋ ಒಂದೇ ನೋಡಿದರೆ ಎರಡೂ ಒಂದೇ ತರಹ ಕಾಣುತ್ತವೆ. ಹೊಟಗಿ–ಗದಗದಲ್ಲಿ ಸತ್ತದ್ದು ಗೇಜ್, ದಾರಿಯಲ್ಲ. ಬಾಗಲಕೋಟೆ, ಬಾದಾಮಿಗಳಿಗೆ ಇಂದೂ ರೈಲು ಬರುತ್ತದೆ. ‘ನಮ್ಮೂರ ರೈಲು ರದ್ದು’ ಎಂಬ ಸಂದೇಶ ಬಂದರೆ ಮೊದಲು ದಿನಾಂಕ ಮತ್ತು ಕಾರಣ ಕೇಳಿ. ಯಾರಾದರೂ ಆ ರೈಲನ್ನು ನಂಬಿ ಆಸ್ಪತ್ರೆಗೋ ಪರೀಕ್ಷೆಗೋ ಹೊರಟಿರಬಹುದು.