4.5 ಹೆಕ್ಟೇರಿನ ಲೆಕ್ಕ

2011ರ ಜೂನ್ ತಿಂಗಳಲ್ಲಿ ಹರಿಯಾಣ ಸರ್ಕಾರ ಪಂಚಕುಲ ಜಿಲ್ಲೆಯ ಮರಳು, ಜಲ್ಲಿ, ಗುಂಡುಕಲ್ಲುಗಳನ್ನು ಹರಾಜಿಗಿಟ್ಟಿತು. ಪ್ರತಿಯೊಂದು ಗುತ್ತಿಗೆಯೂ 4.5 ಹೆಕ್ಟೇರ್ ಮೀರುವಂತಿರಲಿಲ್ಲ. ಇದೆಂಥ ಅಳತೆ ಎಂದು ಕೇಳಿದರೆ ಉತ್ತರ 2006ರ ಸೆಪ್ಟೆಂಬರ್‌ನ ಕೇಂದ್ರ ಅಧಿಸೂಚನೆಯಲ್ಲಿದೆ. ಅದರಂತೆ ಆಗ 5 ಹೆಕ್ಟೇರ್‌ಗಿಂತ ಚಿಕ್ಕ ಗಣಿಗೆ ಪರಿಸರ ಅನುಮತಿ ಬೇಕಿರಲಿಲ್ಲ. ಹೊಳೆಯ ಪಾತ್ರವನ್ನು ತುಂಡು ತುಂಡು ಮಾಡಿದರೆ ಪ್ರತಿ ತುಂಡೂ ಕಾನೂನುಬದ್ಧ!

ಇಲ್ಲಿ ಗಮನಿಸಬೇಕಾದದ್ದು, ಇದು ಅರಿಯದೆ ಆದದ್ದಲ್ಲ. 1957ರ ಗಣಿ ಕಾಯ್ದೆ ಮರಳಿನಂಥ ಉಪಖನಿಜಗಳ ನಿಯಮ ರೂಪಿಸುವ ಅಧಿಕಾರವನ್ನು ರಾಜ್ಯಗಳಿಗೇ ಬಿಟ್ಟಿದೆ. ಕೇಂದ್ರ ಪರಿಸರ ಸಚಿವಾಲಯದ ತಜ್ಞರ ತಂಡ 2010ರಲ್ಲಿ ವರದಿ ಕೊಟ್ಟಿತ್ತು: ಗುತ್ತಿಗೆ ಕನಿಷ್ಠ 5 ಹೆಕ್ಟೇರ್ ಇರಲಿ, ಗಣಿಗಾರಿಕೆ ಯೋಜನೆ ಕಡ್ಡಾಯವಾಗಲಿ, ಹೊಳೆಯಲ್ಲಿ 3 ಮೀಟರ್ ಅಥವಾ ನೀರಿನ ಮಟ್ಟ, ಯಾವುದು ಕಡಿಮೆಯೋ ಅಷ್ಟೇ ಆಳ ತೆಗೆಯಲಿ. ವರದಿ ರಾಜ್ಯಗಳ ಮೇಜಿಗೂ ಹೋಯಿತು. ಹರಾಜು ಮಾತ್ರ ಹಳೆಯ ದಾರಿಯಲ್ಲೇ ನಡೆಯಿತು.

ದೀಪಕ್ ಕುಮಾರ್ ಪ್ರಕರಣದಲ್ಲಿ 2012ರ ಫೆಬ್ರವರಿ 27ರಂದು ಸುಪ್ರೀಂ ಕೋರ್ಟ್ ಈ ಲೆಕ್ಕವನ್ನು ಮುರಿಯಿತು. ರಾಜ್ಯಗಳು ನಿಯಮ ತರುವವರೆಗೆ 5 ಹೆಕ್ಟೇರ್‌ಗಿಂತ ಕಡಿಮೆಯ ಗುತ್ತಿಗೆಗೂ, ನವೀಕರಣಕ್ಕೂ ಕೇಂದ್ರದ ಪರಿಸರ ಅನುಮತಿ ಬೇಕೆಂದಿತು. ಕರ್ನಾಟಕವೂ ಸೇರಿ ಎಲ್ಲ ರಾಜ್ಯಗಳಿಗೂ ಅದು ಅನ್ವಯಿಸಿತು. ಮರುವರ್ಷದ ಆಗಸ್ಟ್‌ನಲ್ಲಿ ರಾಷ್ಟ್ರೀಯ ಹಸಿರು ನ್ಯಾಯಮಂಡಳಿ ಅನುಮತಿಯಿಲ್ಲದ ನದಿ ಮರಳು ಗಣಿಗಾರಿಕೆಯನ್ನು ದೇಶದಾದ್ಯಂತ ನಿಲ್ಲಿಸಲು ಆದೇಶಿಸಿತು.

ಆಮೇಲೆ ದಾರಿ ಬೇರೆ ಕಡೆಯಿಂದ ತೆರೆದುಕೊಂಡಿತು. 2016ರ ಜನವರಿಯಲ್ಲಿ ಸಣ್ಣ ಗಣಿಗಳ ಪರಿಸರ ಅನುಮತಿಯನ್ನು ಜಿಲ್ಲಾ ಮಟ್ಟದ ಪ್ರಾಧಿಕಾರಕ್ಕೆ ಒಪ್ಪಿಸಲಾಯಿತು, ಅಧ್ಯಕ್ಷರು ಜಿಲ್ಲಾಧಿಕಾರಿ. ಜಿಲ್ಲೆಯ ಆದಾಯವನ್ನೂ ನೋಡಬೇಕಾದ ಅಧಿಕಾರಿಯೇ ಹೊಳೆಯನ್ನೂ ಕಾಯಬೇಕಿತ್ತು. ನನಗಂತೂ ಇದು ಕಷ್ಟದ ಕೆಲಸವೆನಿಸುತ್ತದೆ. 2018ರ ಸೆಪ್ಟೆಂಬರ್‌ನಲ್ಲಿ ನ್ಯಾಯಮಂಡಳಿ, ಈ ವ್ಯವಸ್ಥೆ ದೀಪಕ್ ಕುಮಾರ್ ತೀರ್ಪಿಗೆ ಹೊಂದುವುದಿಲ್ಲ ಎಂದಿತು.

ಅದೇ 2016ರ ಅಧಿಸೂಚನೆ ಒಂದು ಒಳ್ಳೆಯ ಮಾತನ್ನೂ ಕೊಟ್ಟಿತ್ತು: ಹರಾಜಿಗೆ ಮೊದಲು ಜಿಲ್ಲಾ ಸಮೀಕ್ಷಾ ವರದಿ. ಎಲ್ಲಿ ತೆಗೆಯಬಹುದು, ಎಲ್ಲಿ ಕೂಡದು, ಮಳೆಗಾಲದಲ್ಲಿ ಎಷ್ಟು ಮರಳು ಹೊಸದಾಗಿ ಬಂದು ಕೂರುತ್ತದೆ ಎಂಬುದೆಲ್ಲ ಅದರಲ್ಲಿರಬೇಕು. ನಮ್ಮ ಭಾಷೆಯಲ್ಲಿ ಮರಳು ಎಂದರೆ ಹಿಂದಿರುಗು ಎಂದೂ ಅರ್ಥ. ಕೋರ್ಟು ಕೇಳುತ್ತಿರುವುದೂ ಹೆಚ್ಚುಕಡಿಮೆ ಅದೇ, ಮರಳು ಮರಳುತ್ತದೆಯೇ ಎಂದು. ಉತ್ತರ ಪ್ರದೇಶದ ಸಹಾರನ್‌ಪುರದಲ್ಲಿ 2023ರ ಫೆಬ್ರವರಿಯ ಇ-ಹರಾಜು ಪ್ರಕಟಣೆಗೆ ಆಧಾರವಾಗಿದ್ದುದು ಕರಡು ವರದಿಯಷ್ಟೇ. ಕರಡು ಸಾಲದು ಎಂದು 2025ರ ಮೇ ತಿಂಗಳಲ್ಲಿ ಸುಪ್ರೀಂ ಕೋರ್ಟ್ ಹೇಳಿತು. ಆಗಸ್ಟ್‌ನಲ್ಲಿ ಕಾಶ್ಮೀರದ ಬಡ್ಗಾಮ್‌ನ ಶಾಲಿಗಂಗಾ ಹಳ್ಳದ ಪ್ರಕರಣ ಬಂದಾಗ, ಮರುಪೂರಣ ಅಧ್ಯಯನವಿಲ್ಲದ ಸಮೀಕ್ಷಾ ವರದಿಯ ಮೇಲೆ ಪರಿಸರ ಅನುಮತಿ ಕೊಡಲು ಬರುವುದಿಲ್ಲವೆಂದು ಮೇಲ್ಮನವಿಗಳನ್ನು ವಜಾ ಮಾಡಿತು.